ಮಾರಿದ ಮೇಲೆ ಏರಿದ ರೇಟು

2024ರ ದೀಪಾವಳಿ ಕಳೆದು ಎರಡು ವಾರ ಆಗಿತ್ತು. ಚಿಕ್ಕಮಗಳೂರಿನ ನನ್ನ ಆಪ್ತಸಮಾಲೋಚನೆಯ ಕೊಠಡಿಗೆ ಒಬ್ಬರು ಬಂದರು. ವಯಸ್ಸು ನಲವತ್ತಾರು. ಬರೆಯಲು ಅವರ ಒಪ್ಪಿಗೆ ಇದೆ, ಗುರುತು ಸಿಗದಂತೆ ಕೆಲವು ವಿವರ ಬದಲಿಸಿದ್ದೇನೆ. ಹೆಸರು ಬೇಡ, ಮನೆಯ ಹಿರಿ ಮಗ, ಅಣ್ಣ ಅಂತಲೇ ಕರೆಯುತ್ತೇನೆ. ಕರೆದುಕೊಂಡು ಬಂದಿದ್ದು ಹೆಂಡತಿ. ಆಕೆ ಹೇಳಿದ್ದು ಎರಡೇ ಮಾತು. "ರಾತ್ರಿ ಮೂರು ಗಂಟೆಗೆ ಎದ್ದು ಕೂರ್ತಾರೆ ಮೇಡಂ. ಹಬ್ಬಕ್ಕೂ ಊರಿಗೆ ಬರಲಿಲ್ಲ."

ಊರು ಮೂಡಿಗೆರೆ ಕಡೆ. ಅಪ್ಪನ ಎಂಟು ಎಕರೆ ರೋಬಸ್ಟಾ ಕಾಫಿ ತೋಟ ಪಾಲಾಗಿ ಅಣ್ಣ ತಮ್ಮ ಇಬ್ಬರಿಗೂ ನಾಲ್ಕು ನಾಲ್ಕು ಬಂದಿತ್ತು. ಅಣ್ಣನ ಪಾಲು ರಸ್ತೆ ಬದಿ, ತಮ್ಮನದು ಹಳ್ಳದ ಆಚೆ. 2018, 2019ರ ಆಗಸ್ಟ್ ಮಳೆ ಹೇಗಿತ್ತು ಅಂತ ಆ ಕಡೆಯವರಿಗೆ ಹೇಳಬೇಕಿಲ್ಲ. ಕಾಯಿ ಉದುರಿತು, ಧರೆ ಕುಸಿಯಿತು. ರೇಟೂ ಇರಲಿಲ್ಲ. ರೋಬಸ್ಟಾ ಚೆರ್ರಿ, ಅಂದರೆ ಸಿಪ್ಪೆ ಸಮೇತ ಒಣಗಿಸಿದ ಕಾಫಿ ಹಣ್ಣಿನ 50 ಕೆ.ಜಿ. ಮೂಟೆಗೆ ನಾಲ್ಕು ಸಾವಿರವೂ ಸಿಗದ ಕಾಲ. ಬ್ಯಾಂಕ್ ಸಾಲ, ಅಪ್ಪನ ಆಸ್ಪತ್ರೆ ಖರ್ಚು, ಮಗಳ ಕಾಲೇಜು ಫೀಸು. 2020ರಲ್ಲಿ ಅಣ್ಣ ತಮಗೆ ಬಂದ ನಾಲ್ಕು ಎಕರೆಯನ್ನು ಮಾರಿದರು. ಸಾಲ ತೀರಿಸಿ, ಉಳಿದದ್ದರಲ್ಲಿ ಪೇಟೆಯಲ್ಲಿ ಪಂಪು, ಪೈಪು, ಸ್ಪ್ರಿಂಕ್ಲರ್ ಮಾರುವ ಅಂಗಡಿ ಇಟ್ಟರು.

2021ರ ಜುಲೈನಲ್ಲಿ ಬ್ರೆಜಿಲ್‌ನಲ್ಲಿ ಹಿಮ ಬಿದ್ದು ಕಾಫಿ ಗಿಡಗಳು ಸುಟ್ಟುಹೋದವು. ಆಮೇಲೆ ವಿಯೆಟ್ನಾಂನಲ್ಲಿ ಬರ. ಜಗತ್ತಿನಲ್ಲೇ ಅತಿ ಹೆಚ್ಚು ರೋಬಸ್ಟಾ ಬೆಳೆಯುವ ದೇಶ ಅದು. 2024ರ ಏಪ್ರಿಲ್ ಹೊತ್ತಿಗೆ ಇಲ್ಲಿ ಅದೇ ಮೂಟೆ ಹತ್ತು ಸಾವಿರ ಮುಟ್ಟಿತು. ಆ ವರ್ಷದ ಗೌರಿ ಹಬ್ಬದ ಊಟಕ್ಕೆ ಕೂತಾಗ ತಮ್ಮ ಅಂದನಂತೆ, "ಸ್ವಲ್ಪ ತಾಳ್ಮೆ ಬೇಕಿತ್ತು ಕಣಣ್ಣ."

ಅಷ್ಟೇ. ಅವತ್ತಿನಿಂದ ನಿದ್ದೆ ಹೋಯಿತು.

"ಗುಂಡಿ ತೆಗೆಸಿ ಗಿಡ ಇಟ್ಟಿದ್ದು ನಾನು. ಮರಗಸಿ (ನೆರಳು ಮರದ ಕೊಂಬೆ ಸವರುವುದು), ಗೊಬ್ಬರ, ಎಲ್ಲಾ ನಾನೇ ನಿಂತು ಮಾಡಿಸಿದ್ದು. ಅವನು ಆಗ ಬೆಂಗಳೂರಲ್ಲಿದ್ದ. ಕೈ ಕೆಸರಾಗಿದ್ದು ನಂದು, ಮೊಸರು ಅವನ ಬಾಯಿಗೆ" ಅಂದರು. ಮಾತಾಡುವಾಗಲೂ ಹೆಬ್ಬೆರಳು ಮೊಬೈಲ್ ಮೇಲೆ. ದಿನಾ ಬೆಳಿಗ್ಗೆ ವಾಟ್ಸಾಪ್‌ನಲ್ಲಿ ಬರುವ ಕಾಫಿ ರೇಟು ನೋಡಿ, ನಾಲ್ಕು ಎಕರೆಗೆ ಎಷ್ಟು ಮೂಟೆ ಆಗ್ತಿತ್ತು ಅಂತ ಗುಣಿಸಿ, ಅಂಗಡಿಯ ಬಿಲ್ ಪುಸ್ತಕದ ಹಿಂದೆ ಬರೆದಿಡುತ್ತಿದ್ದರು. ಪುಸ್ತಕ ತೋರಿಸಿದರು. ಒಂಬತ್ತು ಪುಟ ತುಂಬಿತ್ತು.

ಆ ದಿನ ನಾನೊಂದು ತಪ್ಪು ಮಾಡಿದೆ. "ಸಾಲ ಇಲ್ಲ, ಮಗಳು ಚೆನ್ನಾಗಿ ಓದ್ತಿದಾಳೆ, ಅಂಗಡಿ ಇದೆ" ಅಂದುಬಿಟ್ಟೆ. ಅವರು ಪುಸ್ತಕ ಮುಚ್ಚಿ ಸುಮ್ಮನಾದರು. ಕಳಕೊಂಡವರ ಮುಂದೆ ಉಳಿದದ್ದನ್ನು ಎಣಿಸಬಾರದು. ಇಷ್ಟು ವರ್ಷದ ಅನುಭವ ಇದ್ದರೂ ಆಗಾಗ ಮರೆಯುತ್ತೇನೆ. ಎದ್ದು ಹೋಗುವ ಮೊದಲು ಸಾಯುವ ಯೋಚನೆ ಏನಾದರೂ ಬರುತ್ತದಾ ಅಂತ ನೇರವಾಗಿ ಕೇಳಿದೆ. ಇಲ್ಲ ಅಂದರು. ಆದರೂ ಸರ್ಕಾರದ ಉಚಿತ ಸಹಾಯವಾಣಿ ಟೆಲಿ ಮಾನಸ್‌ನ ನಂಬರು 14416 ಹೆಂಡತಿಯ ಫೋನಿನಲ್ಲಿ ಹಾಕಿಸಿದೆ.

ಎರಡನೇ ಸಲ ಬಂದಾಗ ಮೊದಲು ನಷ್ಟವನ್ನು ಒಪ್ಪಿಕೊಂಡೆ. ಹೌದು, ದೊಡ್ಡ ನಷ್ಟ. ಆಮೇಲೆ ಒಂದು ಮಾತು ಕೇಳಿದೆ. "ಒಮ್ಮೆ ಹಣೆಬರಹ ಅಂತೀರಿ, ಇನ್ನೊಮ್ಮೆ ನಾನೇ ದಡ್ಡ ಅಂತೀರಿ. ಹಣೆಬರಹ ಆದರೆ ನಿಮ್ಮ ತಪ್ಪಿಲ್ಲ. ದಡ್ಡತನ ಆದರೆ ಅವತ್ತು ಏನು ಗೊತ್ತಿತ್ತು ಅಂತ ನೋಡಬೇಕಲ್ವಾ?" ಅವರ ಹತ್ತಿರ ಉತ್ತರ ಇರಲಿಲ್ಲ. ಎರಡೂ ಕಡೆಯಿಂದ ಏಟು ತಿನ್ನುತ್ತಿದ್ದರು ಅಂತ ನನಗೆ ಅನಿಸಿತು.

ಒಂದು ಪ್ರಯೋಗದ ಕತೆ ಹೇಳಿದೆ. ಬರೂಕ್ ಫಿಶಾಫ್ ಎಂಬ ಮನಶ್ಶಾಸ್ತ್ರಜ್ಞ 1975ರಲ್ಲಿ ಪ್ರಕಟಿಸಿದ್ದು. ಬ್ರಿಟಿಷರಿಗೂ ಗೂರ್ಖಾಗಳಿಗೂ ನಡೆದ ಹಳೇ ಯುದ್ಧದ ವಿವರ ಜನರಿಗೆ ಓದಲು ಕೊಟ್ಟರು. ಒಂದೊಂದು ಗುಂಪಿಗೆ ಒಂದೊಂದು ಕೊನೆ ಹೇಳಿದರು. ಯಾವ ಗುಂಪಿಗೆ ಯಾವ ಕೊನೆ ಹೇಳಿದ್ದರೋ, ಅದೇ ಆಗುವ ಹಾಗಿತ್ತು ಅಂತ ಆ ಗುಂಪಿಗೆ ಜಾಸ್ತಿ ಅನಿಸಿತು. ಅಣ್ಣ ಸ್ವಲ್ಪ ಹೊತ್ತು ಕೂತರು. "ಅಂದ್ರೆ ಬ್ರೆಜಿಲ್‌ನ ಹಿಮ ಮೊದಲೇ ಗೊತ್ತಾಗಬೇಕಿತ್ತು ಅಂತ ನನ್ನನ್ನ ನಾನೇ ಬೈಕೊಳ್ತಿದೀನಿ."

ಅವರಿಗೆ ಕೊಟ್ಟ ಕೆಲಸ ಇಷ್ಟು. 2020ರ ಆ ತಿಂಗಳ ಕಾಗದ ಹುಡುಕಿ ತರಬೇಕು. ಅವತ್ತು ಗೊತ್ತಿದ್ದದ್ದನ್ನು ಮಾತ್ರ ಒಂದು ಹಾಳೆಯಲ್ಲಿ ಬರೆಯಬೇಕು, ಆಮೇಲಿನದು ಒಂದಕ್ಷರವೂ ಬೇಡ. ಮತ್ತೆ, ಕಾಫಿ ರೇಟು ಭಾನುವಾರ ಒಂದೇ ದಿನ ನೋಡುವುದು. ಬ್ಯಾಂಕಿನ ನೋಟಿಸು, ಆಸ್ಪತ್ರೆ ಬಿಲ್ಲು, ಫೀಸು ರಸೀದಿ ತಂದರು. ಹಾಳೆ ಓದಿ ಮುಗಿಸಿ, "ಇದನ್ನ ನೋಡಿದ್ರೆ ಬೇರೆಯವರಿಗೂ ಮಾರಿ ಅಂತಲೇ ಹೇಳ್ತಿದ್ದೆ" ಅಂದರು. ರೇಟಿನ ವಿಷಯದಲ್ಲಿ ಮಾತ್ರ ಮಾತು ಉಳಿಸಿಕೊಳ್ಳಲಿಲ್ಲ.

ನಾನು ಅರಸೀಕೆರೆ ಕಡೆಯವಳು, ತೆಂಗು ಗೊತ್ತು, ಕಾಫಿ ಗೊತ್ತಿಲ್ಲ. ಹೂ ಮಳೆಯ ಲೆಕ್ಕ ಅವರೇ ಕಲಿಸಿದರು. ಬೇಸಿಗೆಯ ಆ ಒಂದು ಮಳೆ ಬಿದ್ದರೆ ಎಂಟು ಹತ್ತು ದಿನಕ್ಕೆ ತೋಟವೆಲ್ಲ ಬೆಳ್ಳಗೆ. ಬೀಳದಿದ್ದರೆ ಕೆರೆ ನೀರು ಎತ್ತಿ ಸ್ಪ್ರಿಂಕ್ಲರ್ ಹೊಡೆಯಬೇಕು. "ಹಾಗಾದರೆ ದುಡಿದವನಿಗೆ ಮಳೆಯ ಹಂಗಿಲ್ಲ ಅಲ್ವಾ?" ಅಂದೆ. ನಕ್ಕರು. ಆ ಕೊಠಡಿಯಲ್ಲಿ ಅವರು ನಕ್ಕಿದ್ದು ಅದೇ ಮೊದಲು. "ಕೆರೇಲಿ ನೀರಿರೋದೂ ಹೋದ ವರ್ಷದ ಮಳೆಯಿಂದ ಮೇಡಂ. ಆದ್ರೆ ಕೆರೆ ತೋಡದವನಿಗೆ ಆ ಮಳೇನೂ ಇಲ್ಲ."

ಹಾಗೇ ಮಾತು ಅಂಗಡಿಗೆ ಹೊರಳಿತು. ಈ ಸಲ ಸ್ಪ್ರಿಂಕ್ಲರ್ ಸೆಟ್ಟು ಹಿಂದೆಂದೂ ಹೋಗದಷ್ಟು ಹೋಗಿವೆಯಂತೆ. ಯಾಕೆ ಅಂತ ಕೇಳಿದೆ. "ಬೆಳೆಗಾರರ ಕೈಯಲ್ಲಿ ದುಡ್ಡಿದೆಯಲ್ಲ, ಕಾಫಿ ರೇಟು..." ಅಂದವರು ಅಲ್ಲೇ ನಿಂತರು. ನಾನೂ ಏನೂ ಸೇರಿಸಲಿಲ್ಲ. ಅಂಗಡಿ ಲಾಭ ನಾಲ್ಕು ಎಕರೆಗೆ ಸಮ ಅಲ್ಲ, ಅದು ಇಬ್ಬರಿಗೂ ಗೊತ್ತು.

ಊರಿಗೆ ಹೋಗಿ ತಮ್ಮನಿಗೆ "ನಿನ್ನ ಮಾತು ನನಗೆ ನೋವಾಯ್ತು" ಅಂತ ಒಂದೇ ವಾಕ್ಯ ಹೇಳಿ, ಲೆಕ್ಕ ಬೇಡ ಅಂದಿದ್ದೆ. ಎರಡು ತಿಂಗಳು ಹೋಗಲಿಲ್ಲ. ಮಾರ್ಚ್‌ನಲ್ಲಿ ನೀರು ಹೊಡೆಯುವ ಹೊತ್ತಿಗೇ ತಮ್ಮನ ಮೋಟರು ಕೆಟ್ಟಿತು. ಬೇರೆ ಸಲ ಆದರೆ ಅಂಗಡಿ ಹುಡುಗನನ್ನು ಕಳಿಸುತ್ತಿದ್ದರು. ಈ ಸಲ ತಾವೇ ಹೋದರು. ಕೆರೆ ಏರಿ ಮೇಲೆ ಸ್ಪ್ಯಾನರ್ ಹಿಡಿದುಕೊಂಡೇ ಆ ವಾಕ್ಯ ಹೇಳಿದರಂತೆ. ತಮ್ಮ ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ, "ನಾನೂ ಆ ವರ್ಷ ಮಾರಕ್ಕೆ ಓಡಾಡಿದ್ದೆ ಅಣ್ಣ. ಹಳ್ಳದಾಚೆ ರಸ್ತೆ ಇಲ್ಲ ಅಂತ ಯಾರೂ ಬರಲಿಲ್ಲ" ಅಂದನಂತೆ.

ಇದನ್ನು ಹೇಳುವಾಗ ಅಣ್ಣನ ಮುಖದಲ್ಲಿ ಸಿಟ್ಟೋ ಸಮಾಧಾನವೋ, ನನಗೆ ತಿಳಿಯಲಿಲ್ಲ. ಮೋಟರ್ ರಿಪೇರಿಗೆ ಬಿಲ್ ಕೊಟ್ಟಿರಾ ಅಂತ ಕೇಳಿದೆ.

"ಕೊಟ್ಟೆ ಮೇಡಂ. ಒಂದು ರೂಪಾಯಿ ಬಿಡಲಿಲ್ಲ."