ಐವತ್ತು ವರ್ಷಕ್ಕೊಮ್ಮೆ ಏಳುವ ಅಲೆ ನಿಜವೇ?

ಶಿವಮೊಗ್ಗದ ಓದುಗರೊಬ್ಬರ ಪತ್ರ: "ದೇಶಗಳ ಆರ್ಥಿಕತೆ ಐವತ್ತು ವರ್ಷಕ್ಕೊಮ್ಮೆ ಅಲೆಯಂತೆ ಎದ್ದು ಬೀಳುತ್ತದಂತೆ. ರಷ್ಯಾದ ಯಾರೋ ನೂರು ವರ್ಷದ ಹಿಂದೆಯೇ ಇದನ್ನು ಕಂಡುಹಿಡಿದರಂತೆ. ಈಗ ಎಐನಿಂದ ಆರನೆಯ ಅಲೆ ಏಳುತ್ತಿದೆ, ರಿಟೈರ್‌ಮೆಂಟ್ ದುಡ್ಡು ಷೇರಿಗೆ ಹಾಕು ಅಂತ ಮಗ ಒಂದು ವಿಡಿಯೊ ತೋರಿಸಿ ಗಂಟುಬಿದ್ದಿದ್ದಾನೆ. ನಾನು ಹೈಸ್ಕೂಲಲ್ಲಿ ಫಿಸಿಕ್ಸ್ ಹೇಳಿದವನು. ಇದು ನಿಜವಾಗಿಯೂ ಅಲೆಯೇ?"

ಸಂಪಾದಕರ ಉತ್ತರ:

ಮೇಷ್ಟ್ರೇ, ಅಲೆ ಅಂದರೇನು ಅಂತ ನಿಮಗೆ ಹೇಳಹೊರಟರೆ ಅಧಿಕಪ್ರಸಂಗ ಆದೀತು. ಉಳಿದ ಓದುಗರಿಗಾಗಿ ಎರಡು ಮಾತು. ಕಡಲಿನಲ್ಲಿ ಅಲೆ ಮುಂದೆ ಸಾಗುತ್ತದೆ, ನೀರು ಹೆಚ್ಚುಕಡಿಮೆ ಇದ್ದಲ್ಲೇ ಇರುತ್ತದೆ. ಮೇಲೆದ್ದ ನೀರನ್ನು ಕೆಳಕ್ಕೆ ಎಳೆಯಲು ಒಂದು ಬಲ ಬೇಕು, ಅಲುಗಾಟ ಪಕ್ಕಕ್ಕೆ ದಾಟಬೇಕು. ಇವೆರಡೂ ಇಲ್ಲದಿದ್ದರೆ ಅದು ಸುಮ್ನೆ ಏರಿಳಿತ.

ಮನುಷ್ಯರ ನಡುವೆಯೂ ಇಂಥ ಅಲೆ ಏಳುತ್ತದೆ. ಜಪಾನಿನ ವಿಜ್ಞಾನಿಗಳು 230 ಮೀಟರ್ ಸುತ್ತಳತೆಯ ವೃತ್ತದಲ್ಲಿ 22 ಕಾರು ಓಡಿಸಿದರು. ಎಲ್ಲರೂ ಗಂಟೆಗೆ 30 ಕಿಲೋಮೀಟರ್ ವೇಗದಲ್ಲಿ ಹೋಗಿ ಅಂತಷ್ಟೇ ಹೇಳಿದ್ದರು. ಸಿಗ್ನಲ್ ಇಲ್ಲ, ಅಪಘಾತ ಇಲ್ಲ, ಅಡ್ಡ ಬಂದ ಹಸುವೂ ಇಲ್ಲ. ಆದರೂ ಸ್ವಲ್ಪ ಹೊತ್ತಿಗೆ ಒಂದು ಜಾಮ್ ಹುಟ್ಟಿತು. ಕಾರುಗಳು ಮುಂದೆ ಹೋಗುತ್ತಿದ್ದವು, ಜಾಮ್ ಮಾತ್ರ ಗಂಟೆಗೆ ಸುಮಾರು 20 ಕಿಲೋಮೀಟರ್ ವೇಗದಲ್ಲಿ ಹಿಂದಕ್ಕೆ ಸರಿಯುತ್ತಿತ್ತು. ಒಬ್ಬ ಬ್ರೇಕ್ ಒತ್ತಿದರೆ ಹಿಂದಿನವನು ಇನ್ನೂ ಜೋರಾಗಿ ಒತ್ತುತ್ತಾನೆ, ಅಷ್ಟೇ ಕಾರಣ. 2008ರಲ್ಲಿ ಇದು ಪ್ರಕಟವಾಯಿತು. ಬೆಂಗಳೂರಿನ ರಿಂಗ್ ರೋಡಿನಲ್ಲಿ ಕಾರಣವೇ ಕಾಣದೆ ನಿಂತವರಿಗೆ ಹೆಚ್ಚು ವಿವರಿಸಬೇಕಿಲ್ಲ. ಇಲ್ಲಿ ಅಲೆ ಹೇಗೆ ದಾಟುತ್ತದೆ ಅಂತ ಬೆರಳು ತೋರಿಸಿ ಹೇಳಬಹುದು.

ಈಗ ನಿಮ್ಮ ಮಗನ ರಷ್ಯಾದವರಿಗೆ ಬರೋಣ. ಅವರು ನಿಕೊಲಾಯ್ ಕೊಂಡ್ರಾಟಿಯೆವ್. ಮಾರುಕಟ್ಟೆಯ ಏರಿಳಿತ ಅಧ್ಯಯನ ಮಾಡಲು 1920ರಲ್ಲಿ ಮಾಸ್ಕೋದಲ್ಲಿ ಶುರುವಾದ ಸಂಸ್ಥೆಯ ಮುಖ್ಯಸ್ಥರು. ಇಂಗ್ಲೆಂಡ್, ಫ್ರಾನ್ಸ್, ಅಮೆರಿಕದ ಬೆಲೆ, ಕೂಲಿ, ಬಡ್ಡಿ, ಕಲ್ಲಿದ್ದಲು, ಕಬ್ಬಿಣದ ಲೆಕ್ಕಗಳನ್ನು ಗುಡ್ಡೆ ಹಾಕಿಕೊಂಡು ಕೂತರು. 1780ರ ದಶಕದ ಕೊನೆಯಿಂದ 1920ರ ತನಕ ಸುಮಾರು ಐವತ್ತು ವರ್ಷದ ಏರಿಳಿತ ಅವರಿಗೆ ಕಂಡಿತು. ಎಷ್ಟು ಸಲ? ಎರಡೂವರೆ ಸಲ. ಮೇಷ್ಟ್ರೇ, ಎರಡೂವರೆ ಆವರ್ತನೆ ನೋಡಿ ಯಾವ ಹುಡುಗನಾದರೂ ನಿಯಮ ಬರೆದಿದ್ದರೆ ನೀವು ಮಾರ್ಕ್ಸ್ ಕೊಡುತ್ತಿದ್ದಿರಾ? ಅವರೇ ಇದನ್ನು ಸಂಭವ ಅಂತ ಹೇಳಿದ್ದರು, ಸಾಬೀತಾದ ಸತ್ಯ ಅಂತಲ್ಲ. ವಿಡಿಯೊ ಮಾಡುವವರಿಗೆ ಆ ಸಂಕೋಚ ಇರೋದಿಲ್ಲ.

ನನಗೆ ಇದಕ್ಕಿಂತ ಜಾಸ್ತಿ ಇಷ್ಟವಾದ ಸಂಗತಿ ಅದೇ ಸಂಸ್ಥೆಯೊಳಗೆ ನಡೆಯಿತು. ಅಲ್ಲಿ ಕೆಲಸ ಮಾಡುತ್ತಿದ್ದ ಯೆವ್ಗೆನಿ ಸ್ಲುಟ್‌ಸ್ಕಿ 1927ರಲ್ಲಿ ಒಂದು ಲೇಖನ ಬರೆದರು. ಸರ್ಕಾರಿ ಲಾಟರಿಯಲ್ಲಿ ಎತ್ತಿದ ನಂಬರುಗಳ ಕೊನೆಯ ಅಂಕಿಗಳನ್ನು ಸಾಲಾಗಿ ಬರೆದುಕೊಂಡರು. ಮೊದಲ ಹತ್ತನ್ನು ಕೂಡಿದರು. ಆಮೇಲೆ ಮೊದಲನೆಯದನ್ನು ಬಿಟ್ಟು, ಮುಂದಿನದೊಂದನ್ನು ಸೇರಿಸಿ ಮತ್ತೆ ಹತ್ತನ್ನು ಕೂಡಿದರು. ಹೀಗೇ ಮುಂದುವರಿಸಿದರು. ಪಕ್ಕಪಕ್ಕದ ಎರಡು ಮೊತ್ತಗಳಲ್ಲಿ ಒಂಬತ್ತು ಅಂಕಿಗಳು ಒಂದೇ. ಮೊತ್ತ ಸರಾಸರಿ 45, ಆದರೆ ಒಂದು ಹೆಜ್ಜೆಗೆ ಅದು 9ಕ್ಕಿಂತ ಹೆಚ್ಚು ಬದಲಾಗಲು ಸಾಧ್ಯವೇ ಇಲ್ಲ. ಹಾಗಾಗಿ ಗೆರೆ ನಿಧಾನ ಏರುತ್ತದೆ, ನಿಧಾನ ಇಳಿಯುತ್ತದೆ. ಬಂದ ಗೆರೆಯ ಒಂದು ಭಾಗವನ್ನು 1855ರಿಂದ 1877ರ ಇಂಗ್ಲೆಂಡಿನ ವ್ಯಾಪಾರದ ಏರಿಳಿತದ ಪಕ್ಕ ಇಟ್ಟರು. ಎರಡೂ ಅಣ್ಣತಮ್ಮಂದಿರ ಹಾಗೆ ಕಂಡವು! ಲಾಟರಿಗೆ ರೈಲು ಗೊತ್ತಿಲ್ಲ, ಹತ್ತಿಗಿರಣಿ ಗೊತ್ತಿಲ್ಲ. ಬರೀ ಆಕಸ್ಮಿಕ ಅಂಕಿಗಳನ್ನು ಹೀಗೆ ಕೂಡಿದರೂ ಅಲೆಯಂಥ ಗೆರೆ ಬರುತ್ತದೆ. ಮನೆಯಲ್ಲಿ ದಾಳ ಇದ್ದರೆ ನೀವೂ ಮಾಡಿ ನೋಡಬಹುದು, ಮಗನನ್ನೂ ಕೂರಿಸಿಕೊಳ್ಳಿ.

ಇದು ಕೊಂಡ್ರಾಟಿಯೆವ್‌ಗೆ ಕೊಟ್ಟ ಉತ್ತರವೇನಲ್ಲ. ಆದರೆ ಅವರೂ ಮೊದಲು ಒಂದು ಗೆರೆ ಎಳೆದು ದೀರ್ಘಾವಧಿ ಬೆಳವಣಿಗೆಯನ್ನು ಕಳೆದಿದ್ದರು, ಉಳಿದದ್ದಕ್ಕೆ ಒಂಬತ್ತು ವರ್ಷದ ಸರಾಸರಿ ಹಾಕಿದ್ದರು. ಯಾವ ಗೆರೆ ಎಳೆದು ಕಳೆಯುತ್ತೇವೆ ಅನ್ನೋದರ ಮೇಲೆ ಉಳಿದದ್ದರ ಆಕಾರವೇ ಬದಲಾಗುತ್ತದೆ. ಅಲೆಯಲ್ಲಿ ಎಷ್ಟು ಪಾಲು ಲೆಕ್ಕದ ಪುಸ್ತಕದ್ದು, ಎಷ್ಟು ಪಾಲು ಲೆಕ್ಕ ಹಾಕಿದವರದ್ದು ಅನ್ನೋ ಅನುಮಾನ ಅಲ್ಲಿಂದ ಹೋಗಲೇ ಇಲ್ಲ.

ಇಬ್ಬರ ವಾದ ಮುಂದುವರಿಯಬೇಕಿತ್ತು. ಮುಂದುವರಿಯಲಿಲ್ಲ. 1928ರಲ್ಲಿ ಕೊಂಡ್ರಾಟಿಯೆವ್ ಹುದ್ದೆ ಹೋಯಿತು, 1930ರಲ್ಲಿ ಬಂಧನ. ಬಂಡವಾಳಶಾಹಿ ಬಿದ್ದರೂ ಮತ್ತೆ ಏಳುತ್ತದೆ ಅನ್ನುವ ಅರ್ಥ ಬರುವ ಸಿದ್ಧಾಂತ ಆಗಿನ ರಷ್ಯಾದಲ್ಲಿ ಯಾರಿಗೆ ಬೇಕಿತ್ತು? 1938ರಲ್ಲಿ, 46ನೇ ವಯಸ್ಸಿನಲ್ಲಿ, ಅವರನ್ನು ಗುಂಡಿಟ್ಟು ಕೊಂದರು. ಸ್ಲುಟ್‌ಸ್ಕಿ ಹವಾಮಾನ ಸಂಸ್ಥೆ ಸೇರಿಕೊಂಡರು. ಕೊಂಡ್ರಾಟಿಯೆವ್ ನಿರಪರಾಧಿ ಅಂತ ಸರ್ಕಾರ ಒಪ್ಪಿದ್ದು 1987ರಲ್ಲಿ.

ಅವರ ಹೆಸರನ್ನು ಅಲೆಗೆ ಅಂಟಿಸಿದ್ದು ಅರ್ಥಶಾಸ್ತ್ರಜ್ಞ ಜೋಸೆಫ್ ಶುಂಪೀಟರ್, 1939ರಲ್ಲಿ. ಹೊಸ ಆವಿಷ್ಕಾರಗಳು ಒಂದೊಂದಾಗಿ ಬರದೆ ಗುಂಪಾಗಿ ಬರುತ್ತವೆ ಅಂದರು: ಹತ್ತಿಗಿರಣಿ ಮತ್ತು ಉಗಿಯಂತ್ರ, ಆಮೇಲೆ ರೈಲು, ಆಮೇಲೆ ವಿದ್ಯುತ್ ಮತ್ತು ಕಾರು. ಇದರಲ್ಲಿ ಹುರುಳಿದೆ ಅಂತ ನನಗೂ ಅನಿಸುತ್ತದೆ. ಆದರೆ ಗುಂಪು ಐವತ್ತು ವರ್ಷಕ್ಕೇ ಯಾಕೆ ಬರಬೇಕು? ಎಳೆದು ಇಳಿಸುವ ಬಲ ಯಾವುದು? ಅಲ್ಲಿ ಉತ್ತರ ಸಡಿಲ. ಕೊರೊನಾ ಅಲೆ ಇಳಿದದ್ದಕ್ಕೆ ಕಾರಣ ಹೇಳಬಹುದಿತ್ತು: ಜನರ ಓಡಾಟ ನಿಂತಿತು, ಸೋಂಕು ತಗುಲದೆ ಉಳಿದವರು ಕಡಿಮೆಯಾದರು. ಹಾಗಿದ್ದೂ ಎರಡನೆಯ ಅಲೆ ಯಾವಾಗ ಅಂತ ಕ್ಯಾಲೆಂಡರ್ ನೋಡಿ ಹೇಳಲು ಆಗಲಿಲ್ಲ, ಡೆಲ್ಟಾ ಬಂದಾಗ ಬಂತು.

ಎಐ ದೊಡ್ಡ ಬದಲಾವಣೆ ತರಬಹುದು, ಅದು ಬೇರೆ ವಿಷಯ. ರೈಲು ಇಂಗ್ಲೆಂಡನ್ನೇ ಬದಲಿಸಿತು, ಆದರೂ 1840ರ ದಶಕದಲ್ಲಿ ರೈಲು ಷೇರಿನ ಹುಚ್ಚಿನಲ್ಲಿ ಕೈಸುಟ್ಟುಕೊಂಡವರು ಕಡಿಮೆ ಏನಲ್ಲ. ದೀರ್ಘ ಅಲೆಯನ್ನು ನಂಬುವ ಪಂಡಿತರಲ್ಲೇ ಐದನೆಯದು ಮುಗಿಯಿತೋ ಇಲ್ಲವೋ ಅನ್ನೋದಕ್ಕೆ ಒಮ್ಮತ ಇಲ್ಲ. ರಿಟೈರ್‌ಮೆಂಟ್ ದುಡ್ಡನ್ನು ಆರನೆಯದರ ಮೇಲೆ ಇಡಬೇಡಿ. ಷೇರು ಬೇಕೇ ಬೇಕು ಅಂತ ಮಗ ಹಟ ಹಿಡಿದರೆ, ಕಂಪನಿಗೆ ಲಾಭ ಎಲ್ಲಿಂದ ಬರುತ್ತಿದೆ ಅಂತ ಕೇಳಿ.