ಕ್ಲಾಪ್ ಹಿಡಿದವಳು ನಟಿ ಆಗಬಾರದಾ?

ಪ್ರಶ್ನೆ: ಐದು ವರ್ಷದಿಂದ ನಾಟಕ ಮಾಡುತ್ತಿದ್ದೇನೆ. ಗೆಳೆಯರು ಸೇರಿ ಕಡಿಮೆ ದುಡ್ಡಿನಲ್ಲಿ ಸಿನಿಮಾ ಮಾಡುತ್ತಿದ್ದಾರೆ, ಅದರಲ್ಲಿ ನನಗೆ ನಾಯಕಿಯ ಅಕ್ಕನ ಪಾತ್ರ. ಅಸಿಸ್ಟೆಂಟ್ ಡೈರೆಕ್ಟರ್ ಕೆಲಸವನ್ನೂ ನೋಡಿಕೋ ಅನ್ನುತ್ತಿದ್ದಾರೆ. ಕ್ಲಾಪ್ ಹಿಡಿದು ಓಡಾಡುವವಳನ್ನು ಆಮೇಲೆ ಯಾರೂ ನಟಿ ಅಂತ ನೋಡಲ್ಲ ಅಂತ ಕೆಲವರು ಹೆದರಿಸುತ್ತಾರೆ. ಒಪ್ಪಿಕೊಳ್ಳಲಾ?
— ಹೆಸರು ಬೇಡ, ಶಿವಮೊಗ್ಗ

ಉತ್ತರ: ಒಪ್ಪಿಕೊಳ್ಳಿ. ಕಂಟಿನ್ಯೂಟಿ, ಅಂದರೆ ಒಂದು ಶಾಟ್‌ನಿಂದ ಇನ್ನೊಂದಕ್ಕೆ ಬಟ್ಟೆ, ವಸ್ತು ಎಲ್ಲ ಹೊಂದುತ್ತಿದೆಯಾ ಅಂತ ನೋಡಿ ಬರೆದಿಡುವ ಕೆಲಸ, ಅದು ಮಾತ್ರ ಬೇಡ ಅನ್ನಿ. ಯಾಕೆ ಅಂತ ಆಮೇಲೆ ಹೇಳುತ್ತೇನೆ.

ಕನ್ನಡದ ಸಣ್ಣ ಬಜೆಟ್ ಸಿನಿಮಾದಲ್ಲಿ ಇದು ಹೊಸದೇನಲ್ಲ. 1970ರ ‘ಸಂಸ್ಕಾರ’ದಲ್ಲಿ ಪ್ರಾಣೇಶಾಚಾರ್ಯರಾದ ಗಿರೀಶ ಕಾರ್ನಾಡರೇ ಅದರ ಚಿತ್ರಕಥೆ ಬರೆದವರು. ನಾರಣಪ್ಪನಾದ ಲಂಕೇಶರು ಆಮೇಲೆ ತಾವೇ ನಿರ್ದೇಶನಕ್ಕಿಳಿದರು. ಪವನ್ ಕುಮಾರ್ ಯೋಗರಾಜ್ ಭಟ್ಟರ ಸಿನಿಮಾಗಳಿಗೆ ಬರೆಯುತ್ತಾ, ಅವುಗಳಲ್ಲೇ ಪಾತ್ರ ಮಾಡುತ್ತಾ ಇದ್ದವರು, 2013ರಲ್ಲಿ ಜನರಿಂದಲೇ ದುಡ್ಡು ಸೇರಿಸಿ ‘ಲೂಸಿಯಾ’ ತೆಗೆದರು. ಎಲ್ಲರೂ ಗಂಡಸರೇ ಅಲ್ವಾ ಅಂತ ನೀವು ಕೇಳಬಹುದು. ನಿಜ. ಕ್ಲಾಪ್ ಹಿಡಿದ ಹುಡುಗನಿಗೆ ‘ಕೆಲಸ ಕಲೀತಿದಾನೆ’ ಅನ್ನುವವರೇ ಹುಡುಗಿಗೆ ನಿಮಗೆ ಹೇಳಿದ್ದನ್ನು ಹೇಳುತ್ತಾರೆ. ಅವರ ಮಾತಿಗೆ ಜಾಸ್ತಿ ಕಿವಿ ಕೊಡಬೇಡಿ.

ಈಗ ಕಂಟಿನ್ಯೂಟಿ. ಒಮ್ಮೆ ಒಂದು ಸಣ್ಣ ಸಿನಿಮಾದಲ್ಲಿ ನಾನು ಅದನ್ನೂ ಬರೆದುಕೊಳ್ಳುತ್ತಾ, ಪಕ್ಕದ ಮನೆಯವನ ಪಾತ್ರವನ್ನೂ ಮಾಡಿದ್ದೆ. ಎದುರಿಗಿದ್ದವರು ಲೋಟ ಯಾವ ಕೈಯಲ್ಲಿ ಹಿಡಿದಿದ್ದಾರೆ, ಮೇಲಿನ ಗುಂಡಿ ಹಾಕಿದ್ದಾರಾ ಅಂತ ನೋಡುತ್ತಾ ನಿಂತವನಿಗೆ ನನ್ನ ಮಾತಿನ ಸರದಿ ಬಂದದ್ದೇ ಗೊತ್ತಾಗಲಿಲ್ಲ. ಅದಕ್ಕಿಂತ ಕೆಟ್ಟದ್ದು ಇನ್ನೊಂದು. ಎಲ್ಲರ ಬಟ್ಟೆಬರೆ ಬರೆದುಕೊಂಡಿದ್ದೆ, ನನ್ನ ವಾಚನ್ನು ಬರೆದಿರಲಿಲ್ಲ. ಬಾಗಿಲಾಚೆ ಕೈಯಲ್ಲಿ ವಾಚಿದೆ, ಒಳಗೆ ಬಂದರೆ ಇಲ್ಲ! ಗೊತ್ತಾಗಿದ್ದು ಎಡಿಟಿಂಗ್‌ಗೆ ಕೂತಾಗ. ಮತ್ತೆ ಆ ಮನೆಗೆ ಬಾಡಿಗೆ ಕಟ್ಟುವಷ್ಟು ದುಡ್ಡು ಯಾರ ಹತ್ತಿರವೂ ಇರಲಿಲ್ಲ. ಶಾಟ್ ಹೋಯಿತು, ಅದರ ಜೊತೆ ನನಗಿದ್ದ ಒಂದೇ ಒಂದು ಒಳ್ಳೆಯ ಡೈಲಾಗೂ ಹೋಯಿತು.

ಹಾಗಾಗಿ ನಿಮ್ಮ ಸೀನುಗಳಿರುವ ದಿನ ಕ್ಲಾಪ್ ಬೇರೆಯವರ ಕೈಗೆ ಕೊಡಿ. ಆವತ್ತು ನೀವು ಬರೀ ಅಕ್ಕ. ಅಸಿಸ್ಟೆಂಟ್ ಕೆಲಸವನ್ನು ಆದಷ್ಟು ಶೂಟಿಂಗಿಗೆ ಮೊದಲೇ ಮಾಡಿ: ಲೊಕೇಶನ್ ನೋಡುವುದು, ಹೊಸಬರ ಜೊತೆ ರಿಹರ್ಸಲ್. ನಾಟಕದವರಾದ ನಿಮಗೆ ಇದು ಸಲೀಸು. ಶೂಟಿಂಗ್ ಮುಗಿದ ಮೇಲೆ ಎಡಿಟರ್ ಪಕ್ಕ ನಾಲ್ಕು ದಿನ ಸುಮ್ಮನೆ ಕೂತುಕೊಳ್ಳಿ. ಸಿಂಕ್ ಸೌಂಡ್ (ಆಮೇಲೆ ಡಬ್ ಮಾಡದೆ ಶೂಟಿಂಗ್‌ನಲ್ಲೇ ಮಾತು ರೆಕಾರ್ಡ್ ಮಾಡುವುದು) ಇದ್ದರಂತೂ, ಎದುರಿನವರ ಮಾತು ಮುಗಿಯುವ ಮೊದಲೇ ನೀವು ಬಾಯಿ ಹಾಕಿದ ಕಡೆ ಕಟ್ ಮಾಡಲು ಎಡಿಟರ್ ಎಷ್ಟು ಒದ್ದಾಡುತ್ತಾರೆ ಅಂತ ಕಣ್ಣಾರೆ ನೋಡುತ್ತೀರಿ. ಕೊನೆ ಸಾಲಿನ ಪ್ರೇಕ್ಷಕನಿಗಾಗಿ ಸ್ಟೇಜ್ ಮೇಲೆ ರೂಢಿಯಾದ ದೊಡ್ಡ ಮುಖಭಾವ ಕ್ಲೋಸಪ್‌ನಲ್ಲಿ ಹೇಗೆ ಕಾಣುತ್ತದೆ ಅನ್ನುವುದೂ ಅಲ್ಲೇ ಗೊತ್ತಾಗುವುದು. ನನಗಂತೂ ನಾಚಿಕೆಯಾಗಿತ್ತು.

ದುಡ್ಡಿನ ವಿಷಯ: ಪಾತ್ರಕ್ಕೆ ಎಷ್ಟು, ಅಸಿಸ್ಟೆಂಟ್ ಕೆಲಸಕ್ಕೆ ಎಷ್ಟು ಅಂತ ಬೇರೆ ಬೇರೆ ಬರೆಸಿಕೊಳ್ಳಿ, ಗೆಳೆಯರೇ ಆದರೂ. ಟೈಟಲ್ ಕಾರ್ಡಿನಲ್ಲಿ ಹೆಸರು ಎರಡು ಕಡೆ ಬರಬೇಕು ಅನ್ನುವುದನ್ನೂ ಅದರಲ್ಲೇ ಸೇರಿಸಿ.