ಪಾಲಿಕೆ ಮನೆ ಕೆಡವಿದರೆ ಬಾಡಿಗೆದಾರರ ಹಕ್ಕೂ ಹೋಗುತ್ತದಾ?

ನೀವು ಬರೆದಿದ್ದನ್ನು ನಾನು ಅರ್ಥ ಮಾಡಿಕೊಂಡಿದ್ದು ಹೀಗೆ. ದಾವಣಗೆರೆ ಚೌಕಿಪೇಟೆ ಕಡೆ ಹಳೇ ಮಾಳಿಗೆ ಮನೆ. ನಿಮ್ಮ ತಂದೆ ಕಾಲದಿಂದ ಬಾಡಿಗೆಗೆ ಇದ್ದೀರಿ, ಈಗ ತಿಂಗಳಿಗೆ 4,500 ರೂಪಾಯಿ. ಕರಾರು ಪತ್ರದ ಅವಧಿ ಯಾವತ್ತೋ ಮುಗಿದಿದೆ. ಮಳೆಗೆ ಹಿತ್ತಲ ಗೋಡೆ ಕುಸಿದ ಮೇಲೆ, ಕಟ್ಟಡ ಅಪಾಯದಲ್ಲಿದೆ, ಕೆಡವಬೇಕು ಅಂತ ಪಾಲಿಕೆಯವರು ನೋಟಿಸ್ ಅಂಟಿಸಿದ್ದಾರೆ. ಮಾಲೀಕರು ಸ್ಟಾಂಪ್ ಪೇಪರ್ ತಂದು, ‘ನನ್ನ ಇಷ್ಟದಿಂದಲೇ ಮನೆ ಬಿಟ್ಟುಕೊಟ್ಟಿದ್ದೇನೆ’ ಅಂತ ಸಹಿ ಕೇಳುತ್ತಿದ್ದಾರೆ. ಅಡ್ವಾನ್ಸ್ ಆಮೇಲಂತೆ.

ಮನೆಯಿಂದ ಹೊರಗೆ ಬನ್ನಿ. ಆ ಪೇಪರಿಗೆ ಮಾತ್ರ ಸಹಿ ಹಾಕಬೇಡಿ.

ನಾನು ಇಲ್ಲಿನ ಕೋರ್ಟಿನಲ್ಲಿ ಬಾಡಿಗೆ ಕೇಸುಗಳನ್ನು ನಡೆಸುವ ವಕೀಲ. ಹಕ್ಕು ಹೋಗಿಬಿಡುತ್ತೆ ಅಂತ ಹೆದರಿ ಬಿರುಕು ಬಿಟ್ಟ ಗೋಡೆ ಕೆಳಗೇ ಮಲಗುವವರು ಒಂದು ಕಡೆ. ಪಾಲಿಕೆಯೇ ಹೇಳಿದ ಮೇಲೆ ಇನ್ನೇನಿದೆ ಅಂತ ಎಲ್ಲದಕ್ಕೂ ಸಹಿ ಹಾಕಿ ಹೋಗುವವರು ಇನ್ನೊಂದು ಕಡೆ. ಎರಡೂ ಬೇಡ. ಪಾಲಿಕೆ ನೋಟಿಸ್ ಕೊಡುವುದು 1976ರ ಕರ್ನಾಟಕ ಪೌರ ನಿಗಮಗಳ ಕಾಯ್ದೆಯ ಕೆಳಗೆ. ಕಟ್ಟಡ ಬಿದ್ದು ಜನ ಸಾಯಬಾರದು ಅನ್ನುವುದಷ್ಟೇ ಅದರ ಕಾಳಜಿ. ಯಾರು ಬಾಡಿಗೆದಾರ, ಅವರ ಒಪ್ಪಂದ ಮುಗಿಯಿತಾ ಇಲ್ಲವಾ ಅನ್ನುವುದನ್ನು ತೀರ್ಮಾನಿಸುವ ಅಧಿಕಾರ ಆಯುಕ್ತರಿಗಿಲ್ಲ.

ಸುಪ್ರೀಂ ಕೋರ್ಟ್ 2014ರಲ್ಲಿ ಶಾಹಾ ರತನ್ಸಿ ಖಿಮ್ಜಿ ಕೇಸಿನಲ್ಲಿ ಇದನ್ನೇ ಹೇಳಿದೆ. ಅದು ಮಹಾರಾಷ್ಟ್ರದ ಕೇಸು, ಅಲ್ಲೂ ಕಟ್ಟಡ ಕೆಡವಿದ್ದು ಪಾಲಿಕೆಯೇ. ಬಾಡಿಗೆಗೆ ಕೊಟ್ಟಿದ್ದು ಗೋಡೆ, ಚಾವಣಿ ಮಾತ್ರ ಅಲ್ಲ, ಅದರ ಕೆಳಗಿನ ಜಾಗವೂ ಅದರಲ್ಲಿ ಸೇರಿದೆ. ಹಾಗಾಗಿ ಕಟ್ಟಡ ಹೋದ ಮಾತ್ರಕ್ಕೆ ಬಾಡಿಗೆ ಸಂಬಂಧ ಮುಗಿಯುವುದಿಲ್ಲ ಅಂತ ಮೂವರು ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು. ಹಾಗಂತ ಮಾಲೀಕರು ನಾಳೆ ಹೊಸ ಮನೆ ಕಟ್ಟಿ ನಿಮ್ಮ ಕೈಗೆ ಬೀಗದ ಕೈ ಕೊಡುತ್ತಾರೆ ಅಂದುಕೊಳ್ಳಬೇಡಿ. ನೀವಾಗಿಯೇ ಬಿಟ್ಟುಕೊಟ್ಟರೆ ಆ ಹಕ್ಕು ಮುಗಿದಂತೆಯೇ. ಮಾಲೀಕರಿಗೆ ನಿಮ್ಮ ಸಹಿ ಯಾಕೆ ಅಷ್ಟು ಅರ್ಜೆಂಟು ಅಂತ ಈಗ ಗೊತ್ತಾಯಿತಲ್ವಾ?

ನಿಮ್ಮ ಕೇಸಿನ ಸೋಲುವ ಬದಿಯನ್ನೂ ಹೇಳಿಬಿಡುತ್ತೇನೆ. 1999ರ ಕರ್ನಾಟಕ ಬಾಡಿಗೆ ಕಾಯ್ದೆಯ ರಕ್ಷಣೆ ನಿಮಗೆ ಸಿಗುವುದು ಕಷ್ಟ. ದೊಡ್ಡ ನಗರಗಳಲ್ಲಿ 3,500, ಉಳಿದ ಕಡೆ 2,000 ರೂಪಾಯಿ ದಾಟಿದರೆ ಆ ಕಾಯ್ದೆ ಅನ್ವಯಿಸುವುದಿಲ್ಲ. ನಿಮ್ಮದು ಎರಡನ್ನೂ ದಾಟಿದೆ. ಆಗ ಉಳಿಯುವುದು 1882ರ ಆಸ್ತಿ ವರ್ಗಾವಣೆ ಕಾಯ್ದೆ. ಅದರ 106ನೇ ಸೆಕ್ಷನ್ ಪ್ರಕಾರ ತಿಂಗಳ ಬಾಡಿಗೆಯನ್ನು 15 ದಿನದ ಲಿಖಿತ ನೋಟಿಸ್ ಕೊಟ್ಟು ಮುಗಿಸಬಹುದು. ಆದರೆ ನೋಟಿಸ್ ಕೊಟ್ಟ ಮೇಲೂ ನೀವು ಒಪ್ಪದಿದ್ದರೆ ಅವರು ಕೋರ್ಟಿಗೇ ಹೋಗಬೇಕು. ಬೀಗ ಒಡೆದು ಸಾಮಾನು ಬೀದಿಗೆ ಎಸೆಯುವಂತಿಲ್ಲ. ಹಾಗೆ ಮಾಡಿದರೆ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಸೆಕ್ಷನ್ ಕೆಳಗೆ, ಸ್ವಾಧೀನ ವಾಪಸ್ ಕೊಡಿಸಿ ಅಂತ 6 ತಿಂಗಳೊಳಗೆ ದಾವೆ ಹಾಕಬಹುದು. ಆ ಗಡುವು ದಾಟಿದರೆ ಈ ಸುಲಭದ ದಾರಿ ಮುಚ್ಚಿತು.

ಹೊರಗೆ ಬರುವ ಮುಂಚೆ ಪ್ರತಿ ಕೋಣೆಯ ವಿಡಿಯೋ ಮಾಡಿ, ಟೇಪ್ ಹಿಡಿದು ಅಳತೆ ಬರೆದಿಡಿ. ಕೆಡವಿದ ಮೇಲೆ ನಿಮ್ಮ ಭಾಗ ಎಷ್ಟಿತ್ತು ಅಂತ ತೋರಿಸಲು ಅಲ್ಲಿ ಮಣ್ಣಿನ ಗುಡ್ಡೆ ಬಿಟ್ಟು ಏನೂ ಇರುವುದಿಲ್ಲ. ಬಾಡಿಗೆ ರಸೀದಿ, ಕರೆಂಟ್ ಬಿಲ್, ರೇಷನ್ ಕಾರ್ಡ್ ಎಲ್ಲ ಒಂದು ಚೀಲದಲ್ಲಿರಲಿ. ಆಮೇಲೆ ಮಾಲೀಕರಿಗೆ ಸ್ಪೀಡ್ ಪೋಸ್ಟಿನಲ್ಲಿ ಒಂದು ಪತ್ರ ಹಾಕಿ, ಪಾಲಿಕೆಗೂ ಒಂದು ಪ್ರತಿ ಕೊಟ್ಟು ಸೀಲ್ ಹಾಕಿಸಿಕೊಳ್ಳಿ. ಇಷ್ಟು ಸಾಕು: ‘ಪಾಲಿಕೆಯ ನೋಟಿಸ್ ಇರುವುದರಿಂದ ಜೀವದ ಸುರಕ್ಷತೆಗಾಗಿ ಹೊರಗೆ ಹೋಗುತ್ತಿದ್ದೇವೆ. ಬಾಡಿಗೆ ಹಕ್ಕನ್ನು ಬಿಟ್ಟುಕೊಟ್ಟಿಲ್ಲ. ಅಡ್ವಾನ್ಸ್ ಹಣ ಇಷ್ಟು ನಿಮ್ಮ ಬಳಿ ಇದೆ.’

ಗೋಡೆ ನಿಜಕ್ಕೂ ಬಿದ್ದಿದೆ, ಹಾಗಾಗಿ ನಿಮ್ಮ ನೋಟಿಸಿನ ಮೇಲೆ ನನಗೆ ಅನುಮಾನ ಇಲ್ಲ. ಎಲ್ಲ ಕಡೆ ಹೀಗಿರುವುದಿಲ್ಲ. ಕೋರ್ಟಿಗೆ ಅಲೆಯುವುದು ಬೇಡ ಅಂತ ಮಾಲೀಕರೇ ದೂರು ಕೊಟ್ಟು ಗಟ್ಟಿ ಕಟ್ಟಡವನ್ನೂ ‘ಅಪಾಯ’ ಅನ್ನಿಸುವುದುಂಟು. ಅಂಥ ಅನುಮಾನ ಇರುವವರು ಇಂಜಿನಿಯರ್ ವರದಿಯ ನಕಲು ಕೇಳಿ ಪಡೆಯಬೇಕು, ತಾವೂ ಒಬ್ಬ ಸ್ಟ್ರಕ್ಚರಲ್ ಇಂಜಿನಿಯರನ್ನು ಕರೆಸಿ ನೋಡಿಸಬೇಕು. ಪಾಲಿಕೆಯ ಆದೇಶವನ್ನು ಪ್ರಶ್ನಿಸಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕುವುದಾದರೆ ಬೆಂಗಳೂರಿಗೇ ಹೋಗಬೇಕು. ಹೈಕೋರ್ಟಿನ ಧಾರವಾಡ ಪೀಠ ನಮಗೆ ಹತ್ತಿರ, ಆದರೆ ದಾವಣಗೆರೆ, ಚಿತ್ರದುರ್ಗ ಎರಡೂ ಆ ಪೀಠಕ್ಕೆ ಸೇರಿಲ್ಲ. ಏನು ಲೆಕ್ಕವೋ!

ನನ್ನ ಕೇಳಿದರೆ, ಮಾತುಕತೆಗೆ ಕೂರಿ. ಮಾಲೀಕರಿಗೆ ಖಾಲಿ ಜಾಗ ಬೇಗ ಬೇಕು, ನಿಮಗೆ ಅಡ್ವಾನ್ಸ್ ಮತ್ತು ಸಾಮಾನು ಸಾಗಿಸುವ ಖರ್ಚು ಬೇಕು. ಹೊಸದು ಕಟ್ಟಿದರೆ ಒಂದು ಮನೆ ನಿಮಗೆ, ಇಷ್ಟು ಬಾಡಿಗೆಗೆ ಅಂತ ಬರೆಸಿಕೊಳ್ಳಲು ಆದರೆ ಇನ್ನೂ ಒಳ್ಳೆಯದು. ಹಣ ನಿಮ್ಮ ಖಾತೆಗೆ ಬಂದ ಮೇಲೇ ಸಹಿ. ವಕೀಲರ ಫೀಸು ಭಾರ ಅನ್ನಿಸಿದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ನೋಡದೆ ಉಚಿತವಾಗಿ ವಕೀಲರನ್ನು ಕೊಡುತ್ತಾರೆ. ಸಹಾಯವಾಣಿ ನಂಬರ್ 15100. ಬಾಡಿಗೆ ರಸೀದಿ ನಿಮ್ಮ ತಾಯಿಯ ಹೆಸರಿನಲ್ಲಿದ್ದರೆ ಅರ್ಜಿಯನ್ನು ಅವರಿಂದಲೇ ಹಾಕಿಸಿ.